ಹಗ್ಗಕ್ಕಿಂತ ಮೊದಲು ಕೈ

‘ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ?’ ಎಂಬ ಗಾದೆಯನ್ನು ಉಪಾಧ್ಯಾಯರಾದ ನಾವು ತರಗತಿಯಲ್ಲಿ ಎಷ್ಟು ಸಾರಿ ಹೇಳಿದ್ದೇವೆಯೋ ಲೆಕ್ಕವಿಲ್ಲ. ಗಾದೆಯ ವಿಸ್ತರಣೆಗೆಂದು ಅದನ್ನು ಪರೀಕ್ಷೆಯಲ್ಲಿ ಕೊಟ್ಟಾಗ ವಿದ್ಯಾರ್ಥಿಗಳೆಲ್ಲರೂ ಮಕ್ಕಳ ಶಿಸ್ತು, ತಂದೆತಾಯಿಗಳ ಕರ್ತವ್ಯ ಎಂದೇ ಬರೆಯುತ್ತಿದ್ದರು. ಬೆಳಗ್ಗೆ ಹಾಲು ಕರೆದಿಟ್ಟು ಶಾಲೆಗೆ ಬರುತ್ತಿದ್ದ ಮಕ್ಕಳು ಕೂಡ ಕೊಟ್ಟಿಗೆಯ ಕರುವಿನ ಉದಾಹರಣೆ ಕೊಟ್ಟದ್ದು ನನಗೆ ನೆನಪಿಲ್ಲ. ಆದರೆ ಈ ಗಾದೆ ಮನುಷ್ಯರ ಮಕ್ಕಳಿಗಿಂತಲೂ ದನದ ಕರುವಿಗೆ ಹೆಚ್ಚು ಸಲ್ಲುತ್ತದೆ. ಮನುಷ್ಯನಾದವನು ನಲವತ್ತರಲ್ಲೂ ತನ್ನನ್ನು ತಿದ್ದಿಕೊಂಡಾನು. ಹುಟ್ಟಿದಾಗ 25–30 ಕಿಲೋ ತೂಗುತ್ತಿದ್ದು, ಹುಡುಗನೊಬ್ಬ ತೋಳಲ್ಲಿ ಎತ್ತಿಕೊಂಡು ಹೋಗಬಹುದಾಗಿದ್ದ ಮಿಶ್ರತಳಿಯ ಕರು ಮೂರು ವರ್ಷ ತುಂಬುವ ಹೊತ್ತಿಗೆ 300 ಕಿಲೋ ದಾಟಿರುತ್ತದೆ. ಆಗ ಅದರೊಡನೆ ಬಲಾಬಲ ನೋಡಹೊರಟರೆ ಸೋಲುವವರು ನಾವೇ.

ಈ ವಿಷಯವನ್ನು ಇಂದು ಎತ್ತಿಕೊಳ್ಳಲು ಕಾರಣವಿದೆ. ನನ್ನ ಹಳೆಯ ವಿದ್ಯಾರ್ಥಿಗಳಲ್ಲಿ ಕೆಲವರು ಪಟ್ಟಣದ ಉದ್ಯೋಗವನ್ನು ಬಿಟ್ಟು ಊರಿಗೆ ಮರಳಿ, ಕಾಫಿ ತೋಟದ ಜೊತೆಗೆ ಒಂದೆರಡು ಹಸುಗಳನ್ನು ಕಟ್ಟಿಕೊಂಡಿದ್ದಾರೆ. ಅವರು ದೂರವಾಣಿಯಲ್ಲಿ ಕೇಳುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ: “ಸಾರ್, ಮಣಕ ಹತ್ತಿರಕ್ಕೇ ಬರಗೊಡುವುದಿಲ್ಲ. ಹಗ್ಗ ಹಿಡಿದರೆ ಎಳೆದುಕೊಂಡು ಓಡುತ್ತದೆ. ಡಾಕ್ಟರು ಬಂದ ದಿನ ನಾಲ್ಕು ಜನ ಬೇಕಾಗುತ್ತದೆ. ಮೂಗುದಾರ ಹಾಕಿಸಿಬಿಡಲೇ?” ಈ ಪ್ರಶ್ನೆಗೆ ಉತ್ತರವಾಗಿ ನನ್ನ ಅಭಿಪ್ರಾಯವನ್ನು ಒಂದೆಡೆ ಬರೆದಿಡೋಣವೆನಿಸಿತು. ಮೂಗುದಾರದ ಪ್ರಶ್ನೆ ಬರುವ ಹೊತ್ತಿಗೆ ಪಾಠದ ಕಾಲ ಬಹುಮಟ್ಟಿಗೆ ಮುಗಿದಿರುತ್ತದೆ. ಕರುವಿಗೆ ನಡತೆ ಕಲಿಸುವ ಕಾಲ ಹುಟ್ಟಿದ ಮೊದಲ ಮೂರು ನಾಲ್ಕು ತಿಂಗಳು. ಕಲಿಸುವ ಸಾಧನ ಮನೆಯವರ ಕೈ ಮತ್ತು ಧ್ವನಿ. ಇದನ್ನು ಮನೆಯ ನಿತ್ಯದ ಕೆಲಸವೆಂದು ನಾವು ಮತ್ತೆ ಹಚ್ಚಿಕೊಳ್ಳಬೇಕು ಎಂಬುದೇ ಈ ಬರಹದ ಸಾರ.

ನಾನು ಬೆಳೆದ ಮನೆಯಲ್ಲಿ ಕರುವನ್ನು ಪಳಗಿಸುವುದು ಎಂಬ ಪ್ರತ್ಯೇಕ ಕೆಲಸವೇ ಇರಲಿಲ್ಲ. ನಮ್ಮ ಅವ್ವ ಹಾಲು ಕರೆಯುವ ಮೊದಲು ಕರುವನ್ನು ಬಿಟ್ಟು, ತಾಯಿ ಸೊರವು ಬಿಟ್ಟ ಮೇಲೆ ಅದನ್ನು ಮೆಲ್ಲನೆ ಎಳೆದು ತಾಯಿಯ ಮುಂಗಾಲಿನ ಬಳಿ ನಿಲ್ಲಿಸುತ್ತಿದ್ದರು. ಕರೆದು ಮುಗಿಯುವ ತನಕ ಕರುವಿನ ಕೊರಳಹಗ್ಗ ನಮ್ಮಲ್ಲಿ ಯಾರಾದರೊಬ್ಬರ ಕೈಯಲ್ಲಿರುತ್ತಿತ್ತು. ಇನ್ನೊಂದು ಕೈ ಅದರ ಗಂಗೆದೊಗಲನ್ನು ಕೆರೆಯುತ್ತಿತ್ತು. ಸಂಜೆ ಶಾಲೆಯಿಂದ ಬಂದವರು ಕರುಗಳನ್ನು ಬಾಣೆಗೆ ಹೊಡೆದುಕೊಂಡು ಹೋಗಿ ಕತ್ತಲಾಗುವ ಮೊದಲು ತಂದು ಕಟ್ಟಬೇಕಾಗಿತ್ತು. ಹೀಗೆ ಎರಡು ತಿಂಗಳು ತುಂಬುವಷ್ಟರಲ್ಲಿ ಕರುವನ್ನು ಐದಾರು ಜನರ ಕೈ ಮುಟ್ಟಿರುತ್ತಿತ್ತು, ಐದಾರು ಜನರ ಧ್ವನಿ ಅದರ ಕಿವಿಗೆ ಬಿದ್ದಿರುತ್ತಿತ್ತು. ಕರು ಮನುಷ್ಯರಿಗೆ ಒಗ್ಗಿಕೊಳ್ಳುತ್ತಿತ್ತು. ಅದಕ್ಕೆ ಪಾಠವೆಂದು ಯಾರೂ ಹೆಸರಿಟ್ಟಿರಲಿಲ್ಲ.

ಹೆಸರಿಲ್ಲದ ಪಾಠವಾದ್ದರಿಂದಲೇ ಅದು ಮರೆಯಾದದ್ದು ನಮಗೆ ತಿಳಿಯಲಿಲ್ಲ. ಭತ್ತದ ಗದ್ದೆಗೆ ಸೊಪ್ಪು, ಸೌದೆ, ಮೇವು ಒದಗಿಸಲೆಂದು ಇದ್ದ ಬಾಣೆಗಳು ಬಹುಪಾಲು ಕಾಫಿ ತೋಟಗಳಾದವು. ಗದ್ದೆಗೆ ಟಿಲ್ಲರ್ ಬಂದ ಮೇಲೆ ಎತ್ತಿನ ಅಗತ್ಯ ತಪ್ಪಿತು; ಎತ್ತು ಬೇಡವಾದಾಗ ಹೋರಿಗರು ಯಾರಿಗೂ ಬೇಡವಾಯಿತು. ಮಕ್ಕಳು ಶಾಲೆಯ ಬಸ್ಸಿಳಿಯುವಾಗ ಸಂಜೆ ಐದೂವರೆ. ಎದೆಯೆತ್ತರಕ್ಕೂ ಬಾರದ, ಬೆಟ್ಟ ಹತ್ತಿಳಿದು ತಾನೇ ಮೇದು ಬರುತ್ತಿದ್ದ ಮಲೆನಾಡು ಗಿಡ್ಡದ ಜಾಗದಲ್ಲಿ ಜರ್ಸಿಯ ಮತ್ತು ಹೋಲ್‌ಸ್ಟೀನ್‌ನ ಮಿಶ್ರತಳಿಗಳು ನಿಂತವು. ಅವು ಇಡೀ ದಿನ ಕೊಟ್ಟಿಗೆಯಲ್ಲೇ ಇರುತ್ತವೆ. ಕರುವಿನ ಹತ್ತಿರ ಸುಳಿಯುವವನು ದಿನಕ್ಕೆರಡು ಬಾರಿ ಹಾಲು ಕರೆಯಲು ಬರುವ ಒಬ್ಬನೇ ಕೆಲಸದವನು. ಅವನೂ ಕಾಫಿ ಕೊಯ್ಲು ಮುಗಿದೊಡನೆ ಬೇರೆಡೆಗೆ ಹೋಗುತ್ತಾನೆ. ಇಂಥ ಕರು ಮನುಷ್ಯನನ್ನು ಎಲ್ಲಿ ಕಲಿಯಬೇಕು? ಮಣಕ ಒರಟಾಯಿತು ಎಂದು ನಾವು ಬೈಯುತ್ತೇವೆ. ಅದರ ಹತ್ತಿರ ಯಾರೂ ಹೋಗಲಿಲ್ಲ ಎಂಬುದಷ್ಟೇ ಅದರ ದೋಷ.

ದನದ ಸ್ವಭಾವವನ್ನು ತುಸು ಅರಿತರೆ ಅದರ ಒರಟುತನದ ಬಹುಪಾಲು ಭಯವೆಂದು ಗೊತ್ತಾಗುತ್ತದೆ. ಅದು ಹುಲಿಗೆ, ಸೀಳುನಾಯಿಗೆ ಆಹಾರವಾಗಿ ಲಕ್ಷಾಂತರ ವರ್ಷ ಬದುಕಿದ ಜಾತಿ. ಅದರ ಕಣ್ಣುಗಳು ತಲೆಯ ಎರಡು ಪಕ್ಕಗಳಲ್ಲಿರುವುದರಿಂದ ಸುತ್ತಲ ಜಗತ್ತೆಲ್ಲ ಬಹುಮಟ್ಟಿಗೆ ಕಾಣುತ್ತದೆ. ನೇರ ಹಿಂಭಾಗ ಮಾತ್ರ ಕಾಣದು. ಆದ್ದರಿಂದಲೇ ಹಿಂದಿನಿಂದ ಸದ್ದಿಲ್ಲದೆ ಹೋಗಿ ಮುಟ್ಟಿದರೆ ಅದು ಒದೆಯುತ್ತದೆ. ನೆರಳು, ನೆಲದ ಮೇಲಿನ ನೀರಿನ ಹೊಳಪು, ಗಾಳಿಗೆ ಪಟಪಟಿಸುವ ಪ್ಲಾಸ್ಟಿಕ್ ಹಾಳೆ ಇವೆಲ್ಲ ಅದಕ್ಕೆ ಅನುಮಾನದ ವಸ್ತುಗಳು. ನಮಗೆ ಕೇಳಿಸದಷ್ಟು ಏರಿದ ಸ್ವರವೂ ಅದಕ್ಕೆ ಕೇಳಿಸುತ್ತದೆ. ಕಿರುಚಾಟ ಅದಕ್ಕೆ ಏಟಿನಂತೆಯೇ ತಾಗುತ್ತದೆ. ಅಮೆರಿಕದ ಪ್ರಾಣಿವಿಜ್ಞಾನಿ ಟೆಂಪಲ್ ಗ್ರಾಂಡಿನ್ ತಮ್ಮ ಜೀವಮಾನದ ಬಹುಭಾಗವನ್ನು ಈ ಸಂಗತಿಗಳನ್ನು ವಿವರಿಸುವುದರಲ್ಲಿ ಕಳೆದಿದ್ದಾರೆ. ಪ್ರತಿಯೊಂದು ದನಕ್ಕೂ ತನ್ನ ಸುತ್ತ ಒಂದು ಅಂತರವಿದೆ. ಅಪರಿಚಿತರು ಅದನ್ನು ದಾಟಿದೊಡನೆ ಅದು ಸರಿದು ಹೋಗುತ್ತದೆ. ಕರುವಿದ್ದಾಗಿನಿಂದ ಮುಟ್ಟಿಸಿಕೊಂಡು ಬೆಳೆದ ಹಸುವಿಗೆ ಈ ಅಂತರ ಇಲ್ಲವೆನ್ನುವಷ್ಟು ಕಡಿಮೆ. ಯಾರೂ ಮುಟ್ಟದ ಹಸುವಿಗೆ ಅದು ಹತ್ತಾರು ಅಡಿ. ನಾಲ್ಕು ಅಡಿ ಅಗಲದ ಗೊಂತಿನಲ್ಲಿ ಅದನ್ನು ಕಟ್ಟಿ ಹತ್ತಿರ ಹೋದರೆ, ಸರಿಯಲು ಜಾಗವಿಲ್ಲದೆ ಅದು ಕಾಲೆತ್ತದೆ ಇನ್ನೇನು ಮಾಡೀತು?

ಭಯಕ್ಕೂ ಹಾಲಿಗೂ ನೇರವಾದ ಸಂಬಂಧವಿದೆ. ಕೆಚ್ಚಲಿನಿಂದ ಹಾಲಿಳಿಯಲು ಬೇಕಾದ ಆಕ್ಸಿಟೋಸಿನ್ ಎಂಬ ಚೋದಕದ ಕೆಲಸವನ್ನು ಹೆದರಿಕೆಯಲ್ಲಿ ಉಕ್ಕುವ ಅಡ್ರಿನಲಿನ್ ತಡೆಯುತ್ತದೆ. ‘ಹಸು ಹಾಲು ಬಿಗಿಹಿಡಿಯಿತು’ ಎಂದು ನಮ್ಮ ಹೆಂಗಸರು ಹೇಳುತ್ತಿದ್ದದ್ದು ಇದನ್ನೇ. ಆಸ್ಟ್ರೇಲಿಯದಲ್ಲಿ ಪಾಲ್ ಹೆಮ್ಸ್‌ವರ್ತ್ ಮತ್ತು ಸಂಗಡಿಗರು ಹಾಲಿನ ಕೇಂದ್ರಗಳಲ್ಲಿ ನಡೆಸಿದ ಅಧ್ಯಯನಗಳಲ್ಲಿಯೂ, ಮನುಷ್ಯರನ್ನು ಕಂಡರೆ ಹೆದರುವ ಹಸುಗಳಿರುವ ಕಡೆ ಹಾಲು ಕಡಿಮೆ ಎಂಬುದು ಕಂಡುಬಂದಿದೆ. ಅವ್ವನಿಗೆ ಈ ಹೆಸರುಗಳೊಂದೂ ಗೊತ್ತಿರಲಿಲ್ಲ. ಕೊಟ್ಟಿಗೆಯಲ್ಲಿ ಜಗಳವಾಡಕೂಡದು ಎಂಬ ಒಂದು ಕಟ್ಟಳೆಯನ್ನು ಮಾತ್ರ ಅವರು ಮನೆಯ ಗಂಡಸರಿಗೂ ಅನ್ವಯಿಸಿದ್ದರು.

ಈಗ ಕಲಿಸುವ ಕ್ರಮಕ್ಕೆ ಬರುತ್ತೇನೆ. ಮೊದಲ ದಿನ ತಾಯಿಯೇ ಗುರು. ಅದು ನೆಕ್ಕಿ ಕರುವನ್ನು ಎಬ್ಬಿಸಲಿ. ಹೊಕ್ಕುಳಿಗೆ ಅಯೋಡಿನ್ ಹಚ್ಚಿ, ಒಂದೆರಡು ಗಂಟೆಯೊಳಗೆ ಗಿಣ್ಣುಹಾಲು ಹೊಟ್ಟೆಗೆ ಹೋಗುವಂತೆ ನೋಡಿಕೊಂಡರೆ ನಮ್ಮ ಕೆಲಸ ಮುಗಿಯಿತು. ಎರಡನೆಯ ದಿನದಿಂದ ಹಾಲು ಕುಡಿಸುವ ಹೊತ್ತಿಗೆ ಹತ್ತು ನಿಮಿಷ ಅದರ ಪಕ್ಕ ಕುಕ್ಕರುಗಾಲಿನಲ್ಲಿ ಕುಳಿತುಕೊಳ್ಳಬೇಕು. ನಿಂತವನು ಕರುವಿನ ಕಣ್ಣಿಗೆ ದೈತ್ಯ, ಕುಳಿತವನು ಅಷ್ಟಲ್ಲ. ಕೊರಳು, ಗಂಗೆದೊಗಲು, ಬಾಲದ ಬುಡ, ಈ ಮೂರು ಕಡೆ ಕೆರೆದರೆ ಕರು ಕೊರಳು ಚಾಚಿ ನಿಲ್ಲುತ್ತದೆ. ತಾಯಿ ನೆಕ್ಕುವುದೂ ಆ ಜಾಗಗಳನ್ನೇ. ಹಣೆಯನ್ನು ಮಾತ್ರ ಉಜ್ಜಬಾರದು, ತಳ್ಳಬಾರದು. ಹಣೆಯನ್ನು ತಳ್ಳುವುದು ದನಗಳ ಭಾಷೆಯಲ್ಲಿ ಹಾಯಲು ಕೊಡುವ ಕರೆ. ಎರಡು ತಿಂಗಳ ಕರು ಹಾಯ್ದಾಗ ಮನೆಮಂದಿ ನಗುತ್ತಾರೆ. ಕೊಂಬು ಬಂದ ಮೇಲೆ ಅದೇ ಆಟವನ್ನು ಅದು ಅಜ್ಜಿಯ ಮೇಲೆ ಆಡುತ್ತದೆ.

ಹೆಸರಿಟ್ಟು, ಹಾಲು ಕುಡಿಸುವ ಪ್ರತಿಯೊಂದು ಸಲವೂ ಅದೇ ಹೆಸರನ್ನು ಅದೇ ಸ್ವರದಲ್ಲಿ ಕರೆಯಬೇಕು. ‘ಗೋವಿನ ಹಾಡಿ’ನ ಗೊಲ್ಲನು ಒಂದೊಂದು ಹಸುವನ್ನೂ ಹೆಸರು ಹಿಡಿದು ಕರೆಯುವುದನ್ನು ನೀವೆಲ್ಲ ಚಿಕ್ಕಂದಿನಲ್ಲಿ ಓದಿದ್ದೀರಿ. ಅದು ಕವಿಯ ಅಲಂಕಾರವಲ್ಲ; ದನಗಳು ಕರೆಯುವ ದನಿಯನ್ನು ಗುರುತು ಹಿಡಿದು ಬರುವುದು ದನ ಕಟ್ಟಿದವರಿಗೆಲ್ಲ ಗೊತ್ತು. ಕರೆದರೆ ಬರುವ ದನವನ್ನು ಹಿಡಿಯಲು ಹಿಂದೆ ಓಡಬೇಕಾಗಿಲ್ಲ.

ಎರಡನೆಯ ವಾರದಲ್ಲಿ ಕೊರಳಿಗೆ ಹಗ್ಗ ಬರಲಿ. ನುಣುಪಾದ ಹತ್ತಿಯ ಹಗ್ಗ ಉತ್ತಮ. ತೆಂಗಿನ ನಾರಿನ ಹುರಿ ಎಳೆಯ ಚರ್ಮವನ್ನು ತರಚುತ್ತದೆ. ಎಳೆದಷ್ಟೂ ಬಿಗಿಯುವ ಜಾರುಕುಣಿಕೆ ಬೇಡವೇ ಬೇಡ. ಎರಡು ಬೆರಳು ಸಲೀಸಾಗಿ ತೂರುವಷ್ಟು ಸಡಿಲವಿರಬೇಕು, ಮತ್ತು ಕರು ಬೆಳೆದಂತೆ ವಾರಕ್ಕೊಮ್ಮೆ ನೋಡಿ ಸಡಿಲಿಸುತ್ತಿರಬೇಕು. ಕಟ್ಟಿದ್ದನ್ನು ಮರೆತ ಹಗ್ಗ ಕೊರಳಿನೊಳಗೇ ಇಳಿದು ಹುಣ್ಣಾಗುವುದುಂಟು. ಮೊದಲ ದಿನಗಳಲ್ಲಿ ಹಗ್ಗವನ್ನು ಗೂಟಕ್ಕೆ ಕಟ್ಟಿ ಹೋಗಿಬಿಡಬಾರದು. ಕೈಯಲ್ಲಿ ಹಿಡಿದು ಪಕ್ಕದಲ್ಲೇ ಇರಬೇಕು.

ನಡೆಸುವ ಪಾಠದಲ್ಲಿ ಒಂದೇ ಒಂದು ಸೂತ್ರವಿದೆ. ಕರು ಎಳೆದಾಗ ನಾವು ಎಳೆಯಬಾರದು, ಬಿಡಲೂ ಬಾರದು, ಹಿಡಿದುಕೊಂಡು ನಿಲ್ಲಬೇಕು. ಅದು ಒಂದು ಹೆಜ್ಜೆ ನಮ್ಮ ಕಡೆಗೆ ಇಟ್ಟ ಆ ಕ್ಷಣದಲ್ಲೇ ಹಗ್ಗವನ್ನು ಸಡಿಲಿಸಬೇಕು. ಈ ಸಡಿಲಿಕೆಯೇ ಅದಕ್ಕೆ ದೊರೆಯುವ ಬಹುಮಾನ. ‘ಎಳೆದರೆ ಬಿಗಿ, ಬಂದರೆ ಸಡಿಲ’ ಎಂಬುದು ಅದಕ್ಕೆ ನಾಲ್ಕಾರು ದಿನಗಳಲ್ಲಿ ತಿಳಿದುಬಿಡುತ್ತದೆ. ಬಂದ ಮೇಲೂ ಬಿಗಿಯಾಗಿಯೇ ಹಿಡಿದಿರುವವನು ಅದಕ್ಕೆ ಏನನ್ನೂ ಕಲಿಸಿದಂತಾಗಲಿಲ್ಲ. ಮುಂದೆ ನಿಂತು, ಮುಖ ನೋಡುತ್ತ ಎಳೆಯುವುದು ಎಲ್ಲರೂ ಮಾಡುವ ತಪ್ಪು. ಎದುರಿಗೆ ನಿಂತವನು ದಾರಿಗೆ ಅಡ್ಡವಾದಂತೆ. ಕರುವಿನ ಭುಜದ ಪಕ್ಕದಲ್ಲಿ ನಿಂತು, ಹೋಗಬೇಕಾದ ದಿಕ್ಕಿಗೆ ತಾವೂ ಮುಖ ಮಾಡಿ ನಡೆಯಬೇಕು. ಮೊದಲ ಕೆಲವು ದಿನ ತಾಯಿಯನ್ನು ಒಬ್ಬರು ಮುಂದೆ ನಡೆಸಿದರೆ ಕರು ತಾನಾಗಿ ಹಿಂದೆ ಬರುತ್ತದೆ. ಕೊಟ್ಟಿಗೆಯಿಂದ ಕಳಕ್ಕೆ, ಕಳದಿಂದ ಗೇಟಿನವರೆಗೆ, ಮುಂದೆ ರಸ್ತೆಯ ಅಂಚಿಗೆ ಹೀಗೆ ದಾರಿಯನ್ನು ದಿನದಿನಕ್ಕೆ ಬೆಳೆಸಬೇಕು. ಮಕ್ಕಳ ಕೈಗೆ ಹಗ್ಗ ಕೊಡುವಾಗ ಒಂದು ಎಚ್ಚರಿಕೆ: ಹಗ್ಗವನ್ನು ಮುಂಗೈಗೆ ಅಥವಾ ಸೊಂಟಕ್ಕೆ ಎಂದೂ ಸುತ್ತಿಕೊಳ್ಳಕೂಡದು. ಕರು ಬೆದರಿ ಓಡಿದರೆ ಹಗ್ಗ ಕೈಯಿಂದ ಜಾರಿಹೋಗಲಿ. ಮಗು ಅದರ ಹಿಂದೆ ಎಳೆದುಕೊಂಡು ಹೋಗಬಾರದು.

ನಡೆಯುವುದು ಬಂದ ಮೇಲೆ ಮೈ ಮುಟ್ಟಿಸಿಕೊಳ್ಳುವ ಪಾಠ. ಕಿವಿಯನ್ನು ಹಿಡಿದು ನೋಡುವುದು, ತುಟಿ ಸರಿಸಿ ಬಾಯಿಯೊಳಗೆ ಬೆರಳಿಡುವುದು, ಒಂದೊಂದೇ ಕಾಲನ್ನು ಎತ್ತಿ ಇಳಿಸುವುದು, ಹೆಣ್ಣುಗರುವಾದರೆ ಕೆಚ್ಚಲ ಜಾಗವನ್ನು ತಡವುವುದು. ಮುಂದೆ ಕಿವಿಗೆ ಬಿಲ್ಲೆ ಬರುತ್ತದೆ, ಬಾಯಿಗೆ ಜಂತುಹುಳುವಿನ ಔಷಧಿ ಬರುತ್ತದೆ, ಗೊರಸಿಗೆ ಮುಳ್ಳು ನೆಡುತ್ತದೆ, ಕೆಚ್ಚಲಿಗೆ ಕರೆಯುವವರ ಕೈ ಬರುತ್ತದೆ. ಇವೆಲ್ಲ ಮೊದಲ ಸಲ ಬರುವಾಗ ಅಪರಿಚಿತರ ಗದ್ದಲದ ನಡುವೆ, ನೋವಿನೊಡನೆ ಬರದಿರಲಿ. ಕೊಡಗಿನವರು ಇದಕ್ಕೆ ಇನ್ನೊಂದನ್ನು ಸೇರಿಸಿಕೊಳ್ಳಬೇಕು: ಕೊಡೆ ಮತ್ತು ಮಳೆಯಂಗಿ. ಬೇಸಗೆಯಲ್ಲಿ ಹುಟ್ಟಿದ ಕರುವಿಗೆ ಜೂನ್ ತಿಂಗಳಲ್ಲಿ ಒಡತಿಯೇ ಕಪ್ಪು ಪ್ಲಾಸ್ಟಿಕ್ ಹೊದ್ದು, ಸರಸರ ಸದ್ದು ಮಾಡುತ್ತ ಬಂದರೆ ಅವಳು ಬೇರೆಯೇ ಪ್ರಾಣಿ. ಮಳೆಗೆ ಮೊದಲೇ ಒಂದೆರಡು ಸಂಜೆ ಕೊಡೆಯನ್ನು ಅದರ ಮುಂದೆ ಬಿಚ್ಚಿ ಮಡಿಸಿ, ಮೂಸಿ ನೋಡಲು ಬಿಟ್ಟರೆ ಸಾಕು.

ಸ್ವಲ್ಪಸ್ವಲ್ಪವಾಗಿ ಒಗ್ಗಿಸುವ ಈ ವಿದ್ಯೆ ನಮ್ಮ ಜಿಲ್ಲೆಗೆ ಹೊಸತಲ್ಲ. ಮತ್ತಿಗೋಡು ಶಿಬಿರದ ಅಭಿಮನ್ಯು 2020ರಿಂದ ಮೈಸೂರು ದಸರೆಯಲ್ಲಿ 750 ಕಿಲೋ ತೂಕದ ಚಿನ್ನದ ಅಂಬಾರಿಯನ್ನು ಹೊತ್ತದ್ದನ್ನು ನೀವೆಲ್ಲ ದೂರದರ್ಶನದಲ್ಲಿ ನೋಡಿದ್ದೀರಿ. ಆ ಒಂದು ಸಂಜೆಗಾಗಿ ಆನೆಗಳನ್ನು ವಾರಗಟ್ಟಲೆ ಮೊದಲೇ ಮೈಸೂರಿಗೆ ಕರೆತಂದು, ಮೊದಲು ಬರಿಮೈಯಲ್ಲಿ ದಾರಿ ನಡೆಸಿ, ಆಮೇಲೆ ಮರಳಿನ ಮೂಟೆಗಳನ್ನು ಹೇರಿ, ಮರದ ಅಂಬಾರಿಯನ್ನು ಹೊರಿಸಿ, ಫಿರಂಗಿಯ ಸದ್ದನ್ನು ಕೇಳಿಸಿ ಅಭ್ಯಾಸ ಮಾಡಿಸುತ್ತಾರೆ. ಶಿಬಿರದ ಆನೆಗೆ ಇಷ್ಟು ಪೂರ್ವಸಿದ್ಧತೆ ಬೇಕಾದರೆ, ಮನೆಯ ಕರು ಒಂದೇ ದಿನದಲ್ಲಿ ಎಲ್ಲವನ್ನೂ ಸಹಿಸಬೇಕೆಂದು ನಾವು ಹೇಗೆ ನಿರೀಕ್ಷಿಸುತ್ತೇವೆ?

ನಾಲ್ಕು ತಿಂಗಳು ಎಂಬ ಗಡುವನ್ನು ನಾನು ಸುಮ್ಮನೆ ಹೇಳಲಿಲ್ಲ. 2019ರಲ್ಲಿ ಆರಂಭವಾದ ರಾಷ್ಟ್ರೀಯ ಜಾನುವಾರು ರೋಗ ನಿಯಂತ್ರಣ ಕಾರ್ಯಕ್ರಮದಂತೆ ಕಾಲುಬಾಯಿ ರೋಗದ ಲಸಿಕೆಯನ್ನು ಆರು ತಿಂಗಳಿಗೊಮ್ಮೆ ಹಾಕಲಾಗುತ್ತದೆ. ಗರ್ಭಪಾತಕ್ಕೆ ಕಾರಣವಾಗುವ, ಮನುಷ್ಯರಿಗೂ ಅಂಟುವ ಬ್ರುಸೆಲ್ಲೋಸಿಸ್ ಅಥವಾ ಕಂದುರೋಗದ ಲಸಿಕೆಯನ್ನು ಹೆಣ್ಣುಗರುವಿಗೆ ನಾಲ್ಕರಿಂದ ಎಂಟು ತಿಂಗಳ ವಯಸ್ಸಿನೊಳಗೆ ಒಮ್ಮೆ ಹಾಕಬೇಕು. ಆ ಕಾಲ ತಪ್ಪಿದರೆ ತಪ್ಪಿದ್ದೇ. ಕಿವಿಗೆ 12 ಅಂಕಿಗಳ ಬಿಲ್ಲೆ ಹಾಕುವುದೂ ಇಂಥ ಸಂದರ್ಭದಲ್ಲೇ. ಲಸಿಕೆ ಹಾಕುವವರು ಒಂದು ದಿನದಲ್ಲಿ ಎಷ್ಟೋ ಮನೆಗಳನ್ನು ಮುಟ್ಟಬೇಕು. ಕರು ತೋಟದೊಳಕ್ಕೆ ಓಡಿದರೆ ಅವರು ಎಷ್ಟು ಹೊತ್ತು ಕಾದಾರು? ‘ಮುಂದಿನ ಸಲ ನೋಡೋಣ’ ಎಂದು ಹೋಗುತ್ತಾರೆ. 2022ರಲ್ಲಿ ಚರ್ಮಗಂಟು ರೋಗ ರಾಜ್ಯಕ್ಕೆ ಹಬ್ಬಿದಾಗ ‘ಮುಂದಿನ ಸಲ’ ಎಂಬುದರ ಬೆಲೆ ದನ ಕಟ್ಟಿದವರಿಗೆ ಚೆನ್ನಾಗಿ ಅರಿವಾಯಿತು. ಲಸಿಕೆಯ ದಿನ ಗೊಂತಿನಲ್ಲಿ ಸುಮ್ಮನೆ ನಿಲ್ಲುವ ಕರುವಿಗೆ ಲಸಿಕೆ ದೊರೆಯುತ್ತದೆ, ಓಡುವ ಕರುವಿಗೆ ದೊರೆಯುವುದಿಲ್ಲ. ವಿಷಯ ಇಷ್ಟು ಸರಳ, ಇಷ್ಟು ಗಂಭೀರ.

ಇನ್ನೂ ಗಂಭೀರವಾದ ಒಂದು ಸಂದರ್ಭವನ್ನು ನಮ್ಮ ಜಿಲ್ಲೆ ಕಂಡಿದೆ. 2018ರ ಆಗಸ್ಟ್‌ನಲ್ಲಿ ಮಕ್ಕಂದೂರು, ಹಟ್ಟಿಹೊಳೆ, ಕಾಲೂರು, ಜೋಡುಪಾಲದ ಕಡೆಗಳಲ್ಲಿ ಗುಡ್ಡಗಳು ಕುಸಿದವು. 2019ರಲ್ಲಿ ತೋರ, 2020ರಲ್ಲಿ ತಲಕಾವೇರಿಯ ಗಜಗಿರಿ ಬೆಟ್ಟ. ಜನರೇ ಉಟ್ಟ ಬಟ್ಟೆಯಲ್ಲಿ ಹೊರಟ ಆ ಹೊತ್ತಿನಲ್ಲಿ ದನಗಳನ್ನು ಕುರಿತು ಯೋಚಿಸಲು ಎಲ್ಲರಿಗೂ ಅವಕಾಶವಿರಲಿಲ್ಲ. ಅವರನ್ನು ದೂರುವ ಹಕ್ಕು ಯಾರಿಗೂ ಇಲ್ಲ. ಆದರೆ ಮುನ್ನೆಚ್ಚರಿಕೆ ದೊರೆತು, ಒಂದು ಗಂಟೆಯ ಕಾಲಾವಕಾಶವಿದೆಯೆಂದು ಇಟ್ಟುಕೊಳ್ಳಿ. ಹಗ್ಗ ಹಿಡಿದವರು ಯಾರೇ ಆಗಲಿ, ಅವರ ಪಕ್ಕದಲ್ಲಿ ಮಳೆಯೊಳಗೆ ನಡೆಯುವ ಹಸು ಉಳಿಯುತ್ತದೆ. ಲಾರಿಯ ಹಲಗೆಯನ್ನು ಕಂಡೊಡನೆ ನೆಲಕ್ಕೆ ಕುಸಿಯುವ ಹಸುವನ್ನು ಬಿಟ್ಟು ಬರಬೇಕಾಗುತ್ತದೆ. ಮಳೆಗಾಲವೆಂದರೆ ಇನ್ನು ಮುಂದೆ ಅಂಜಿಕೆಯ ಕಾಲವೇ ಆಗಿರುವ ಬೆಟ್ಟದ ಸೆರಗಿನ ಮನೆಗಳಲ್ಲಿ, ಕರುವಿಗೆ ನಡೆಯುವುದನ್ನು ಕಲಿಸುವುದು ಅದರ ಪ್ರಾಣಕ್ಕೆ ಮಾಡುವ ವಿಮೆ.

ಮೂಗುದಾರದ ವಿಷಯಕ್ಕೆ ಬರೋಣ. ನಾನು ಅದರ ಕಡುವಿರೋಧಿಯಲ್ಲ. ರಸ್ತೆಯಲ್ಲಿ ಗಾಡಿ ಎಳೆಯುವ ಎತ್ತಿಗೆ, ಬೀಜದ ಹೋರಿಗೆ ಅದು ಬೇಕಾಗಬಹುದು. 1960ರ ಪ್ರಾಣಿಹಿಂಸೆ ತಡೆ ಕಾಯಿದೆಯೂ ನಿಯಮದಂತೆ ಮೂಗು ಚುಚ್ಚುವುದನ್ನು ಅಪರಾಧವೆಂದು ಎಣಿಸುವುದಿಲ್ಲ. ಆದರೆ ಅದೇ ಕಾಯಿದೆ ದನವನ್ನು ಹೊಡೆಯುವುದನ್ನೂ, ತೀರ ಗಿಡ್ಡವಾದ ಅಥವಾ ಭಾರವಾದ ಹಗ್ಗ, ಸರಪಳಿಗಳಿಂದ ಅತಿಯಾದ ಹೊತ್ತು ಕಟ್ಟಿಹಾಕುವುದನ್ನೂ ಅಪರಾಧವೆನ್ನುತ್ತದೆ. ನನ್ನ ಆಕ್ಷೇಪ ಇಷ್ಟೇ: ಕೈಯಿಂದ ಕಲಿಸದೆ ಬಿಟ್ಟದ್ದನ್ನು ಮೂಗುದಾರ ಕಲಿಸುವುದಿಲ್ಲ. ಅದು ಕಲಿಸುವುದು ನೋವನ್ನು ಮಾತ್ರ. ನೋವಿಗೆ ಹೆದರಿ ನಿಂತ ಹಸು ನೋವು ಕೊಡದವರ ಮುಂದೆ ನಿಲ್ಲುವುದಿಲ್ಲ. ಯಜಮಾನನಿಗೆ ಬಗ್ಗುವ ದನ ಮನೆಯ ಹೆಂಗಸರನ್ನು ಹಾಯುವುದಕ್ಕೆ ಇದೇ ಕಾರಣ. ಹಾಲು ಕರೆಯುವುದೂ, ಸಗಣಿ ಬಾಚುವುದೂ, ಹಿಂಡಿ ಕಲಸಿಡುವುದೂ ಬಹುತೇಕ ಮನೆಗಳಲ್ಲಿ ಹೆಂಗಸರೇ. ಒದೆ ತಿನ್ನುವವರೂ ಅವರೇ.

ಉಪಾಧ್ಯಾಯನಾದವನಿಗೆ ಇಲ್ಲಿ ಶಾಲೆಯ ನೆನಪಾಗದಿರದು. ಬೆತ್ತವಿಲ್ಲದೆ ವಿದ್ಯೆಯಿಲ್ಲ ಎಂದು ತಲೆಮಾರುಗಳ ಕಾಲ ನಂಬಲಾಗಿತ್ತು. 2009ರ ಶಿಕ್ಷಣ ಹಕ್ಕು ಕಾಯಿದೆ ಮಗುವಿಗೆ ದೈಹಿಕ ಶಿಕ್ಷೆಯನ್ನೂ ಮಾನಸಿಕ ಹಿಂಸೆಯನ್ನೂ ನಿಷೇಧಿಸಿತು. ಶಾಲೆಗಳು ಮುಚ್ಚಿಹೋಗಲಿಲ್ಲ, ಮಕ್ಕಳು ಕಲಿಯುತ್ತಲೇ ಇದ್ದಾರೆ. ಬೆತ್ತ ಹೋದಾಗ ಉಪಾಧ್ಯಾಯರಿಗೆ ಹೆಚ್ಚು ಬೇಕಾದದ್ದು ತಾಳ್ಮೆ ಮತ್ತು ಕ್ರಮ. ಕೊಟ್ಟಿಗೆಯಲ್ಲೂ ಬೇಕಾದದ್ದು ಅವೇ ಎರಡು. ದಿನಾ ಅದೇ ಹೊತ್ತಿಗೆ, ಅದೇ ಮಾತಿನಿಂದ, ಅದೇ ವರಸೆಯಲ್ಲಿ ನಡೆಯುವ ಹತ್ತು ನಿಮಿಷದ ಪಾಠವು ಭಾನುವಾರಕ್ಕೊಮ್ಮೆ ನಡೆಸುವ ಎರಡು ಗಂಟೆಯ ಸೆಣಸಾಟಕ್ಕಿಂತ ಎಷ್ಟೋ ಮೇಲು.

ನನ್ನ ಮಾತಿಗೆ ಬರುವ ಆಕ್ಷೇಪಗಳು ನನಗೆ ಗೊತ್ತಿವೆ. ಮೊದಲನೆಯದು, ಕಾಫಿ ಕೊಯ್ಲಿನ ಡಿಸೆಂಬರ್–ಫೆಬ್ರವರಿಯಲ್ಲಿ ಕರುವಿನ ಪಕ್ಕ ಕೂರಲು ಯಾರಿಗೆ ಪುರುಸೊತ್ತು? ಕರುವಿಗೆ ಹಾಲು ಕುಡಿಸುವವರು ಯಾರೋ ಇದ್ದೇ ಇರುತ್ತಾರೆ. ಅವರು ಬಕೆಟ್ಟನ್ನು ಇಟ್ಟು ಹೋಗಿಬಿಡದೆ, ಕುಡಿದು ಮುಗಿಯುವವರೆಗೆ ಕೈಯನ್ನು ಅದರ ಕೊರಳಮೇಲೆ ಇಟ್ಟಿದ್ದರೆ ಅರ್ಧ ಪಾಠ ಆದಂತೆಯೇ. ಎರಡನೆಯ ಆಕ್ಷೇಪದಲ್ಲಿ ಹುರುಳಿದೆ: ಮುದ್ದುಮಾಡಿದ ಕರು ಮೈಮೇಲೆ ಬರುತ್ತದೆ ಎಂಬುದು. ನಿಜ. ಒಂಟಿಯಾಗಿ, ಮನುಷ್ಯರ ನಡುವೆಯೇ, ಆಟಿಕೆಯಂತೆ ಬೆಳೆದ ಹೋರಿಗರು ಮುಂದೆ ಅಪಾಯಕಾರಿಯಾಗಬಲ್ಲದು. ಅದು ಮನುಷ್ಯನನ್ನು ತನ್ನ ಜೊತೆಯ ಹೋರಿಯೆಂದೇ ತಿಳಿದುಬಿಡುತ್ತದೆ. ಆದರೆ ಮುದ್ದು ಬೇರೆ, ಪಳಗಿಸುವುದು ಬೇರೆ. ಹಾಯಲು ಬಂದರೆ ದೃಢವಾಗಿ ತಡೆದು ಹಿಂದೆ ಸರಿಸುವುದು, ಹೋರಿಗರುವನ್ನು ಉಳಿದ ಕರುಗಳ ಜೊತೆಯಲ್ಲೇ ಬೆಳೆಸುವುದು, ಇವೂ ಪಾಠದ ಭಾಗಗಳೇ. ಮೂರನೆಯ ಆಕ್ಷೇಪ, ‘ಹೇಗಿದ್ದರೂ ಮಾರುವ ಕರು, ಅದಕ್ಕೇಕೆ ಇಷ್ಟು ಶ್ರಮ?’ ಎಂಬುದು. ಕೊಳ್ಳುವವನು ಮೊದಲು ನೋಡುವುದು ಕೆಚ್ಚಲನ್ನು, ಎರಡನೆಯದಾಗಿ ಅದು ಮುಟ್ಟಗೊಡುತ್ತದೆಯೇ ಎಂಬುದನ್ನು. ಸೌಮ್ಯವಾದ ಹಸು ಒಳ್ಳೆಯ ಮನೆಯನ್ನು ಸೇರುತ್ತದೆ. ಒದೆಯುವ ಹಸು ಕೈಯಿಂದ ಕೈಗೆ ದಾಟುತ್ತ ಎಲ್ಲಿಗೆ ಹೋಗಿ ಮುಟ್ಟುತ್ತದೆಯೆಂದು ಹೇಳಬೇಕಾಗಿಲ್ಲ.

ಹೊರನಾಡಿನಲ್ಲಿರುವ ನಮ್ಮ ಬಂಧುಗಳಿಗಾಗಿ ಇನ್ನೊಂದು ಮಾತು. ಹಬ್ಬಕ್ಕೆ ಊರಿಗೆ ಬಂದಾಗ ಕಕ್ಕಬ್ಬೆಯ ಪಾಡಿ ಇಗ್ಗುತ್ತಪ್ಪನ ಸನ್ನಿಧಿಯಲ್ಲಿ ‘ಎತ್ತು ಪೋರಾಟ’ವನ್ನು ನೀವು ನೋಡಿರುತ್ತೀರಿ. ಬೆನ್ನಮೇಲೆ ಅಕ್ಕಿಯನ್ನು ಹೊತ್ತ, ಅಲಂಕರಿಸಿದ ಎತ್ತುಗಳು ದುಡಿಕೊಟ್ಟಿನ ಹಾಡಿನ ಜೊತೆಗೆ, ಜನಸಂದಣಿಯ ನಡುವೆ ದೇವಾಲಯವನ್ನು ಸುತ್ತುತ್ತವೆ. ಕೇರಳದ ಪಯ್ಯಾವೂರಿನ ಶಿವ ದೇವಾಲಯದ ಉತ್ಸವಕ್ಕೂ ಕೊಡಗಿನಿಂದ ಎತ್ತುಗಳ ಮೇಲೆ ಅಕ್ಕಿ ಹೇರಿಕೊಂಡು ಹೋಗುವ ಪದ್ಧತಿ ಇದೆ. ಹೇರೆತ್ತುಗಳೇ ಘಟ್ಟದ ದಾರಿಯಲ್ಲಿ ಸರಕು ಸಾಗಿಸುತ್ತಿದ್ದ ಕಾಲದ ನೆನಪನ್ನು ಈ ಆಚರಣೆಗಳು ಉಳಿಸಿಕೊಂಡಿವೆ. ವಾದ್ಯದ ಸದ್ದಿಗೆ, ಸಾವಿರ ಕಣ್ಣುಗಳಿಗೆ, ಕ್ಯಾಮೆರಾಗಳ ಮಿಂಚಿಗೆ ಬೆದರದೆ ಹೆಜ್ಜೆಯಿಡುವ ಎತ್ತು ಹಬ್ಬದ ಹಿಂದಿನ ದಿನ ಸಿದ್ಧವಾಗುವುದಿಲ್ಲ. ಅದು ಎಂದೋ ಒಂದು ಮನೆಯ ಕೊಟ್ಟಿಗೆಯಲ್ಲಿ, ಎರಡು ವಾರದ ಹೋರಿಗರುವಾಗಿದ್ದಾಗ, ಯಾರದೋ ಕೈಯ ಕೆಳಗೆ ನಿಲ್ಲುವುದನ್ನು ಕಲಿತಿರುತ್ತದೆ. ಹೋರಿಗರುವನ್ನು ಮುಟ್ಟುವವರೇ ಇಲ್ಲವಾದರೆ ಮುಂದೊಂದು ದಿನ ಬೆದರಿದ ಎತ್ತನ್ನು ನಾಲ್ಕು ಕಡೆಯಿಂದ ಎಳೆದು ಹಿಡಿದು ಹರಕೆ ತೀರಿಸಬೇಕಾದೀತು. ದೇವರಿಗೆ ಅದು ಒಪ್ಪಿಗೆಯಾದೀತೆಂದು ನನಗನ್ನಿಸುವುದಿಲ್ಲ. ಸಂಪ್ರದಾಯ ಉಳಿಯಬೇಕೆನ್ನುವವರು ಕರುವಿನಿಂದಲೇ ಆರಂಭಿಸಬೇಕು.

ಆದ್ದರಿಂದ ನನ್ನ ಸಲಹೆ ಇಷ್ಟು. ಹಾಲಿನ ಸಹಕಾರ ಸಂಘಗಳು ಮೇವು, ಹಿಂಡಿ, ಕೊಬ್ಬಿನಂಶಗಳನ್ನು ಕುರಿತು ಸದಸ್ಯರಿಗೆ ತಿಳಿವಳಿಕೆ ನೀಡುತ್ತವೆ. ಅದರ ಜೊತೆಗೆ ಕರುವನ್ನು ಪಳಗಿಸುವ ಒಂದು ಗಂಟೆಯ ಪ್ರಾತ್ಯಕ್ಷಿಕೆಯನ್ನೂ ಸೇರಿಸಲಿ. ಅದಕ್ಕೆ ತಜ್ಞರನ್ನು ಹೊರಗಿನಿಂದ ಕರೆಸಬೇಕಾಗಿಲ್ಲ. ಪ್ರತಿ ಊರಿನಲ್ಲೂ ಹಸುವನ್ನು ಕಟ್ಟದೆಯೇ ಹಾಲು ಕರೆಯಬಲ್ಲ ಒಬ್ಬ ಹಿರಿಯಾಕೆ ಇನ್ನೂ ಇದ್ದಾರೆ. ಅವರನ್ನೇ ಕರೆದು ಒಂದು ಶಾಲು ಹೊದಿಸಿ, ಅವರು ಮಾಡುವುದನ್ನು ಎಲ್ಲರೂ ನೋಡಲಿ. ಲಸಿಕೆಯ ದಿನವನ್ನು ಒಂದು ತಿಂಗಳು ಮೊದಲೇ ತಿಳಿಸಿದರೆ, ಆ ತಿಂಗಳು ಕರುವಿನ ಕಿವಿ, ಕೊರಳುಗಳನ್ನು ಮುಟ್ಟಿ ಅಭ್ಯಾಸ ಮಾಡಿಸಿರೆಂದು ಅದೇ ಪ್ರಕಟಣೆಯಲ್ಲಿ ಹೇಳಬಹುದು. ಇದಾವುದಕ್ಕೂ ಹಣ ಬೇಕಾಗಿಲ್ಲ.

ಮೂಗುದಾರದ ಪ್ರಶ್ನೆ ಕೇಳಿದ ನನ್ನ ವಿದ್ಯಾರ್ಥಿಗಳಿಗೆ ಇಷ್ಟು ಹೇಳುತ್ತೇನೆ. ಬೆಳೆದ ಮಣಕಕ್ಕೂ ಈ ಪಾಠ ಅಸಾಧ್ಯವೇನಲ್ಲ. ವಾರದಲ್ಲಿ ಆಗುವುದಕ್ಕೆ ತಿಂಗಳುಗಳು ಬೇಕಾದಾವು, ಅಷ್ಟೇ. ಮೊದಲ ಹದಿನೈದು ದಿನ ಹಗ್ಗವನ್ನು ಮುಟ್ಟಬೇಡಿ. ಹಿಂಡಿಯ ಬಾನಿಯನ್ನು ನೀವೇ ಹಿಡಿದು ಪಕ್ಕದಲ್ಲಿ ನಿಲ್ಲಿ, ಹೆಸರು ಕರೆಯಿರಿ, ಅದು ತಾನಾಗಿ ಕೊರಳನ್ನು ಚಾಚುವವರೆಗೆ ಕಾಯಿರಿ. ಅದು ಗಬ್ಬವಾಗಿದ್ದರೆ, ಮುಂದೆ ಹುಟ್ಟುವ ಕರುವಿನ ವಿಷಯದಲ್ಲಿ ಎರಡನೆಯ ದಿನವೇ ಕೆಲಸವನ್ನು ಆರಂಭಿಸಿ. ರಜೆಯಲ್ಲಿ ಮನೆಗೆ ಬರುವ ಮೊಮ್ಮಕ್ಕಳಿಗೂ ಆ ಹತ್ತು ನಿಮಿಷದಲ್ಲಿ ಪಾಲು ಕೊಡಿ. ಒಂದು ಪ್ರಾಣಿಯ ಭಯವನ್ನು ತಾಳ್ಮೆಯಿಂದ ಕಳೆಯುವುದು ಹೇಗೆಂದು ಕಲಿತ ಮಗುವಿಗೆ ಮುಂದೆ ಬೇರೆ ಕಡೆಯೂ ಅದು ಉಪಯೋಗಕ್ಕೆ ಬರುತ್ತದೆ.